ಒಂಬತ್ತು ಗಂಟೆಗೆ ಬರ್ತೀನಿ ಅಂದವನು

ವಾರ್ಸಾ ನಗರದ ಒಂದು ದೊಡ್ಡ ಕಟ್ಟಡ. ಕೆಳಗಿನ ಮಹಡಿಯಲ್ಲಿ ಮನೆ ಮಾಲೀಕ ಹಿಪೊಲಿತ್ ಪೊಂಚೆಕ್ ಇದ್ದಾನೆ. ಸರಿಯಾಗಿ ಅವನ ತಲೆ ಮೇಲಿನ ಮನೆಯಲ್ಲಿ ಬಾಡಿಗೆಗಿರುವವನು ಹೆನ್ರಿಕ್ ಪೊಂಚೆಕ್. ಇಬ್ಬರೂ ನೆಂಟರಲ್ಲ, ಅಡ್ಡಹೆಸರು ಮಾತ್ರ ಒಂದೇ. ಪೊಂಚೆಕ್ ಅಂದರೆ ಒಳಗೆ ಹಣ್ಣಿನ ಜಾಮ್ ತುಂಬಿ ಕರಿಯುವ ಸಿಹಿ ಬನ್ನು. ಕೆಳಗೊಬ್ಬ ಕಡುಬಿನವರು, ಮೇಲೊಬ್ಬ ಕಡುಬಿನವರು ಇದ್ದ ಹಾಗೆ ಅಂದುಕೊಳ್ಳಿ. ಕೆಳಗಿನವನಿಗೆ ಶಾಸ್ತ್ರೀಯ ಸಂಗೀತದ ಹುಚ್ಚು. ಮೇಲಿನವನ ಮನೆಯಲ್ಲಿ ಜಾಝ್. ದಿನಾ ಜಗಳ. ಹೀಗಿರುವಾಗ ಕೆಳಗಿನ ಪೊಂಚೆಕ್‌ನ ಅಣ್ಣನ ಮಗಳೋ ತಂಗಿಯ ಮಗಳೋ ಆದ ಲೋಜ್ಯಾ ಪೆಟ್ಟಿಗೆ ಹಿಡಿದುಕೊಂಡು ಊರಿಂದ ಬರುತ್ತಾಳೆ. ಹೆಸರು ನೋಡಿಕೊಂಡು ಒಳಗೆ ಹೋಗುತ್ತಾಳೆ. ಹೆಸರು ಸರಿ, ಮನೆ ತಪ್ಪು.

ಇಷ್ಟೇ ಕಥೆ. ಸಿನಿಮಾದ ಹೆಸರು 'ಪಿಯೆಂತ್ರೋ ವಿಝೆಯ್', ಅಂದರೆ 'ಒಂದು ಮಹಡಿ ಮೇಲೆ'. 1937ರದ್ದು. ಮೇಲಿನ ಮನೆಯ ಪೊಂಚೆಕ್ ರೇಡಿಯೋದಲ್ಲಿ ಅನೌನ್ಸರ್. ಒಂದು ಹಾಡಿನಲ್ಲಿ ಅವನು ಹುಡುಗಿಯನ್ನು ಭೇಟಿಯಾಗಲು ಹೊರಟಿದ್ದಾನೆ. ಒಂಬತ್ತು ಗಂಟೆಗೆ ಸಿಗೋಣ ಅಂತ ಮಾತಾಗಿದೆ. ಸಾಹೇಬರ ಹತ್ತಿರ ಸಂಬಳದಲ್ಲಿ ಒಂದಿಷ್ಟು ಮುಂಗಡ ಇಸ್ಕೊಂಡು ಗುಲಾಬಿ ಹೂವಿನ ಗೊಂಚಲು ತಗೋಬೇಕು, ಆಮೇಲೆ ಸಿನಿಮಾ, ಆಮೇಲೆ ತಿಂಡಿ ಅಂಗಡಿ, ಆಮೇಲೆ ಬೆಳದಿಂಗಳಲ್ಲಿ ಒಂದು ಸುತ್ತು. ಮುಂಗಡ ಇಸ್ಕೊಳ್ಳೋ ಮಾತಿದೆಯಲ್ಲ, ಅದಕ್ಕೇ ನನಗೆ ಈ ಹಾಡು ಜಾಸ್ತಿ ಇಷ್ಟ. ಪ್ರೇಮಗೀತೆಯಲ್ಲಿ ಚಂದ್ರ ತಾರೆ ತರೋರು ಬಹಳ ಮಂದಿ. ಜೇಬಲ್ಲಿ ಕಾಸಿಲ್ಲ ಅಂತ ಒಪ್ಪಿಕೊಳ್ಳೋರು ಕಡಿಮೆ.

ಹಾಡುವವನು ಎವ್ಗೇನ್ಯುಶ್ ಬೋಡೋ. ಪೋಲೆಂಡಿನ ಸಿನಿಮಾ ಇನ್ನೂ ಚಿಕ್ಕದಿದ್ದಾಗ ಅದರ ದೊಡ್ಡ ತಾರೆ. ಮುಂದೆ 'ಅವನು' ಅಂತಲೇ ಬರೆಯುತ್ತೇನೆ. ಅಗೌರವ ಅಲ್ಲ, ಸಲುಗೆ. ಆರೇಳು ತಿಂಗಳು ರಾತ್ರಿ ಹೊತ್ತು ಕೂತು ಅವನ ಸಿನಿಮಾ ನೋಡಿದವನಿಗೆ ಇಷ್ಟು ಸಲುಗೆ ಇರಬಹುದು ಅಲ್ವಾ.

ನಾನು ನಿಪ್ಪಾಣಿ ಕಡೆಯವನು. ಪೋಲೆಂಡಿಗೂ ನನಗೂ ಏನು ಸಂಬಂಧ ಅಂತ ಮನೆಯಲ್ಲೂ ಕೇಳಿದರು. 2024ರ ಆಗಸ್ಟ್‌ನಲ್ಲಿ ಪ್ರಧಾನಿ ಮೋದಿ ವಾರ್ಸಾಕ್ಕೆ ಹೋಗಿದ್ದಾಗ ಅಲ್ಲಿನ 'ಕೊಲ್ಲಾಪುರ ಸ್ಮಾರಕ'ಕ್ಕೆ ಹೂ ಇಟ್ಟ ಸುದ್ದಿ ಬಂತು. ವಾರ್ಸಾದಲ್ಲಿ ಕೊಲ್ಲಾಪುರ! ನಮಗೆ ಕೊಲ್ಲಾಪುರ ಅಂದರೆ ಅಂಬಾಬಾಯಿ, ಚಪ್ಪಲಿ, ಬೆಲ್ಲದ ಪೇಟೆ. ಆಗ ಅಜ್ಜ ಹೇಳುತ್ತಿದ್ದ ಮಾತು ನೆನಪಾಯಿತು. ಬೆಲ್ಲದ ಗಾಡಿ ಜೊತೆ ಕೊಲ್ಲಾಪುರಕ್ಕೆ ಹೋಗಿಬರುತ್ತಿದ್ದ ಅಜ್ಜ, "ಅಲ್ಲಿ ವಳಿವಡೆಯಾಗ ಬಿಳೇ ಹೆಣ್ಣಮಕ್ಕಳು ಮರಾಠಿಯಾಗ ತರಕಾರಿ ಚೌಕಾಸಿ ಮಾಡ್ತಿದ್ರೋ" ಅನ್ನುತ್ತಿದ್ದ. ಅಜ್ಜನ ಕಥೆಗಳಲ್ಲಿ ಅರ್ಧ ಸುಳ್ಳಿರುತ್ತಿತ್ತು. ಇದನ್ನೂ ಆ ಅರ್ಧಕ್ಕೆ ಸೇರಿಸಿಬಿಟ್ಟಿದ್ದೆ.

ಸುಳ್ಳಲ್ಲ ಅದು. 1943ರಿಂದ 1948ರವರೆಗೆ ಕೊಲ್ಲಾಪುರದ ಪಕ್ಕದ ವಳಿವಡೆಯಲ್ಲಿ ಸುಮಾರು 5,000 ಪೋಲಿಷ್ ನಿರಾಶ್ರಿತರು ಇದ್ದರು. ಹೆಚ್ಚಿನವರು ಹೆಂಗಸರು, ಮಕ್ಕಳು. ಸೋವಿಯತ್ ರಷ್ಯಾದ ಕ್ಯಾಂಪುಗಳಿಂದ, ಸೈಬೀರಿಯಾದಿಂದ ಬಿಡುಗಡೆಯಾಗಿ ಇರಾನ್ ದಾಟಿ ಬಂದವರು. ಅವರ ಬಗ್ಗೆ ಓದುತ್ತಾ ಹೋದೆ. ಆ ಬಿಡುಗಡೆಯ ಪಟ್ಟಿಯಲ್ಲಿ ಸೇರದೇ ಹೋದ ಒಬ್ಬ ನಟನ ಹೆಸರು ಸಿಕ್ಕಿತು. ಕಾರಣ ಓದಿ ಮತ್ತೊಮ್ಮೆ ಓದಿದೆ. ಆಮೇಲೆ ಸಿನಿಮಾ ಹುಡುಕಿದೆ.

ಅವನ ನಿಜವಾದ ಹೆಸರು ಬೊಗ್ದಾನ್ ಎವ್ಗೇನ್ಯುಶ್ ಜ್ಯೂನೋ. ಹುಟ್ಟಿದ್ದು 1899ರ ಡಿಸೆಂಬರ್ 28. ಅಪ್ಪ ತೆಯೋಡೋರ್ ಜ್ಯೂನೋ ಸ್ವಿಟ್ಜರ್ಲೆಂಡಿನವನು. ಅಮ್ಮ ಪೋಲೆಂಡಿನವಳು. ಬೆಳೆದದ್ದು ಬಟ್ಟೆ ಗಿರಣಿಗಳ ಊರು ವೂಚ್‌ನಲ್ಲಿ. ಆಗ ಪೋಲೆಂಡ್ ಅನ್ನೋ ದೇಶವೇ ನಕ್ಷೆಯಲ್ಲಿರಲಿಲ್ಲ. ವೂಚ್ ಇದ್ದದ್ದು ರಷ್ಯಾದ ಚಕ್ರವರ್ತಿಯ ಕೈಯಲ್ಲಿ. ಅಪ್ಪನಿಗೆ ಸಿನಿಮಾದ ಗೀಳು ಹತ್ತಿತು. ಆ ಊರಲ್ಲಿ 'ಯುರೇನಿಯಾ' ಅಂತ ಚಿತ್ರಮಂದಿರ ನಡೆಸಿದ. ಒಂದಿಷ್ಟು ಸಿನಿಮಾ, ನಡುನಡುವೆ ಹಾಡು, ಕುಣಿತ, ಕಸರತ್ತು. ಹುಡುಗ ಅಲ್ಲೇ ವೇದಿಕೆ ಹತ್ತಿದ. ಪರದೆಯ ಹಿಂದೆ ಮುಂದೆ ಓಡಾಡಿ ಬೆಳೆದ ಹುಡುಗನಿಗೆ ಬೇರೆ ಕೆಲಸ ಹೇಳಿಕೊಟ್ಟರೂ ಹತ್ತುತ್ತಿರಲಿಲ್ಲ, ಬಿಡಿ.

ಬೋಡೋ ಅನ್ನೋ ಹೆಸರು ಅವನೇ ಕಟ್ಟಿಕೊಂಡದ್ದು. ಬೊಗ್ದಾನ್‌ನ 'ಬೋ'. ಅಮ್ಮನಿಗೆ ಡೊರೋಟಾ ಅನ್ನೋ ಹೆಸರೂ ಇತ್ತು, ಅದರ 'ಡೋ'. ಅಮ್ಮನ ಹೆಸರಿನ ತುಂಡನ್ನು ಪೋಸ್ಟರಿನ ಮೇಲೆ ಹಾಕಿಕೊಂಡ. ಕೊನೆವರೆಗೂ ಮದುವೆಯಾಗಲಿಲ್ಲ. ಪ್ರೇಮದ ಸುದ್ದಿಗಳಿಗೆ ಬರವಿರಲಿಲ್ಲ, ಆದರೆ ಮನೆಯಲ್ಲಿ ಜೊತೆಗಿದ್ದವಳು ಅಮ್ಮನೇ. ಹೀಗೆ ಪೋಸ್ಟರಿನ ಮೇಲೆ ಅಮ್ಮನ ಹೆಸರು, ಪಾಸ್‌ಪೋರ್ಟಿನಲ್ಲಿ ಅಪ್ಪನ ದೇಶ. ಆ ಪಾಸ್‌ಪೋರ್ಟ್ ವಿಷಯಕ್ಕೆ ಆಮೇಲೆ ಬರುತ್ತೇನೆ.

1917ರಲ್ಲಿ ಪೊಜ್ನಾನ್ ಊರಿನ ರಂಗಭೂಮಿಯಲ್ಲಿ ಶುರು. ಅಲ್ಲಿಂದ ವಾರ್ಸಾ. ಆ ಕಾಲಕ್ಕೆ ವಾರ್ಸಾದಲ್ಲಿ ಕ್ಯಾಬರೆಗಳದೇ ಹವಾ. ಕ್ಯಾಬರೆ ಅಂದ ಕೂಡಲೇ ನಮ್ಮ ಎಪ್ಪತ್ತರ ದಶಕದ ಸಿನಿಮಾದ ಕ್ಲಬ್ ಡ್ಯಾನ್ಸ್ ನೆನೆಸಿಕೊಳ್ಳಬೇಡಿ. ಇದು ಹಾಡು, ಕುಣಿತ, ರಾಜಕೀಯದವರ ಕಾಲೆಳೆಯೋ ತುಣುಕು ನಾಟಕ ಎಲ್ಲ ಸೇರಿದ ರಾತ್ರಿಯ ಆಟ. ದೊಡ್ಡ ಕವಿಗಳೇ ಅದಕ್ಕೆ ಬರೆಯುತ್ತಿದ್ದರು. ಅದರಲ್ಲಿ ತುಂಬಾ ಹೆಸರು ಮಾಡಿದ ಮನೆ 'ಕ್ವಿ ಪ್ರೋ ಕ್ವೋ'. ಬೋಡೋ ಅಲ್ಲಿ ಪಳಗಿದ. ಈ ಲ್ಯಾಟಿನ್ ಮಾತಿಗೆ ಪೋಲಿಷ್‌ನಲ್ಲಿ ಇರುವ ಅರ್ಥ ಇಷ್ಟು: ಒಬ್ಬನನ್ನು ಇನ್ನೊಬ್ಬ ಅಂದುಕೊಂಡು ಆಗುವ ಎಡವಟ್ಟು. ನಾಟಕ ಕಂಪನಿಗೆ ಒಳ್ಳೆ ಹೆಸರು. ಇವನ ಮಟ್ಟಿಗೆ ಅದು ಬರೀ ಕಂಪನಿಯ ಹೆಸರಾಗಿ ಉಳಿಯಲಿಲ್ಲ.

ಸಿನಿಮಾಕ್ಕೆ ಬಂದದ್ದು 1925ರಲ್ಲಿ, ಮೂಕಿ ಕಾಲ. ಆಗಿನ ಮೂಕಿಗಳಲ್ಲಿ ಬಹಳಷ್ಟು ಇವತ್ತು ಇಲ್ಲ. ಯುದ್ಧ ಅವನ್ನೂ ತಿಂದುಹಾಕಿತು. ಮೊದಮೊದಲು ಇವನಿಗೆ ಸಿಗುತ್ತಿದ್ದದ್ದು ಕೆಟ್ಟವನ ಪಾತ್ರಗಳು. ಎತ್ತರದ ಆಳು, ಚೂಪು ಮೂಗು, ದೊಡ್ಡ ಕಣ್ಣು, ಬಾಯಿ ತುಂಬ ಹಲ್ಲು. ನಕ್ಕರೆ ಪ್ರೀತಿ ಹುಟ್ಟುತ್ತದೆ, ನಗು ನಿಲ್ಲಿಸಿ ನೋಡಿದರೆ ಭಯ. ಒಂದೇ ಮುಖದಲ್ಲಿ ಎರಡೂ ಇದ್ದದ್ದು ಅವನ ಬಂಡವಾಳ.

1929ರ ಮೇ ತಿಂಗಳಲ್ಲಿ ಒಂದು ಅಪಘಾತ ಆಯಿತು. ನಾಲ್ಕೈದು ಜನ ಕಲಾವಿದರು ರಾತ್ರಿ ಕಾರಿನಲ್ಲಿ ಪೊಜ್ನಾನ್‌ಗೆ ಹೊರಟಿದ್ದರು. ಓಡಿಸುತ್ತಿದ್ದವನು ಬೋಡೋ. ವೋವಿಚ್ ಊರಿನ ಹತ್ತಿರ ಕಾರು ಉರುಳಿತು. ಜೊತೆಗಿದ್ದ ನಟ ವಿತೋಲ್ದ್ ರೋಲಾಂಡ್ ಸತ್ತ. ಕೋರ್ಟು ಬೋಡೋಗೆ ಆರು ತಿಂಗಳ ಶಿಕ್ಷೆ ಕೊಟ್ಟು ಅದನ್ನು ಅಮಾನತಿನಲ್ಲಿಟ್ಟಿತು. ಅವನು ಹೆಂಡ ಮುಟ್ಟದವನು ಅನ್ನೋದು ಎಲ್ಲರಿಗೂ ಗೊತ್ತಿದ್ದ ಮಾತು. ಆದರೂ ಒಬ್ಬ ಗೆಳೆಯ ಅವನ ಕೈಯಲ್ಲಿದ್ದ ಸ್ಟಿಯರಿಂಗಿನಿಂದಾಗಿ ಸತ್ತ. ಇದಾದ ಮೇಲೂ ಸಂಜೆ ಆದರೆ ಮುಖಕ್ಕೆ ಬಣ್ಣ ಹಚ್ಚಿ ಜನರನ್ನು ನಗಿಸೋದು ಅವನ ಕೆಲಸ.

ಮಾತಿನ ಸಿನಿಮಾ ಬಂದದ್ದೇ ಅವನ ಅದೃಷ್ಟ ತಿರುಗಿತು. ಹಾಡೋಕೆ ಬರುತ್ತೆ, ಕುಣಿಯೋಕೆ ಬರುತ್ತೆ, ಕ್ಯಾಬರೆಯಲ್ಲಿ ಹದಿನಾಲ್ಕು ವರ್ಷ ತಿಕ್ಕಿ ತೊಳೆದ ನಾಲಿಗೆ. ನಿರ್ದೇಶಕ ಮಿಹಾವ್ ವಾಶಿನ್ಸ್ಕಿ, ನಟ ಆದಾಮ್ ಬ್ರೋಜಿಶ್, ಇವನು, ಮೂವರೂ ಸೇರಿ 'ಬಿ-ವಿ-ಬಿ' ಅಂತ ಕಂಪನಿ ಮಾಡಿದರು. 1932ರಲ್ಲಿ 'ಮರುಭೂಮಿಯ ದನಿ' ಅನ್ನೋ ಸಿನಿಮಾಕ್ಕೆ ಅಲ್ಜೀರಿಯಾದವರೆಗೂ ಹೋಗಿ ಬಂದರು. ಅದರಲ್ಲಿ ಬೋಡೋ ಅರಬ್ ಶೇಖ್. ಆಮೇಲೆ ತನ್ನದೇ ಕಂಪನಿ ಮಾಡಿದಾಗ ಇಟ್ಟ ಹೆಸರು 'ಯುರೇನಿಯಾ ಫಿಲ್ಮ್'. ಅಪ್ಪನ ಚಿತ್ರಮಂದಿರದ ಹೆಸರು.

1934ರ 'ಕಪ್ಪು ಮುತ್ತು' ಬಗ್ಗೆ ಒಂದು ಮಾತು ಹೇಳಲೇಬೇಕು. ಅದರ ನಾಯಕಿ ರೇರಿ. ಟಹೀಟಿ ದ್ವೀಪದ ಹುಡುಗಿ, ನಿಜ ಹೆಸರು ಆನ್ ಶೆವಾಲಿಯೇ. ಜರ್ಮನಿಯ ದೊಡ್ಡ ನಿರ್ದೇಶಕ ಮುರ್ನಾವ್‌ನ 1931ರ 'ತಾಬು' ಸಿನಿಮಾದಿಂದ ಲೋಕಕ್ಕೆಲ್ಲ ಗೊತ್ತಾದವಳು. ಯುರೋಪಿನಲ್ಲಿ ಕಾರ್ಯಕ್ರಮ ಕೊಡುತ್ತಾ ಪೋಲೆಂಡಿಗೆ ಬಂದಳು, ಬೋಡೋ ಜೊತೆ ಪ್ರೇಮ ಆಯಿತು, ಇಬ್ಬರೂ ಸೇರಿ ಈ ಸಿನಿಮಾ ಮಾಡಿದರು. ಇವನು ನಾವಿಕ, ಅವಳು ದ್ವೀಪದವಳು. ಅವಳಿಂದಲೇ ಶ್ರೀಮಂತನಾಗಿ ಅವಳನ್ನು ಪೋಲೆಂಡಿಗೆ ಕರೆತಂದು, ಆಮೇಲೆ ಊರಿನ ಠಾಕುಠೀಕು ಹೆಂಗಸಿನ ಹಿಂದೆ ಹೋಗುತ್ತಾನೆ. ಅದರಲ್ಲಿ ರೇರಿಯ ಬಾಯಲ್ಲಿ ಒಂದು ಹಾಡು ಹಾಡಿಸಿದ್ದಾರೆ: ನಿನಗಾಗಿ ನಾನು ಬೆಳ್ಳಗಾಗಬೇಕು ಅನ್ನೋ ಅರ್ಥದ್ದು. ನೋಡೋಕೆ ಮುಜುಗರ ಆಗುತ್ತದೆ. ಆ ಕಾಲ ಹಾಗಿತ್ತು ಅಂದರೂ ಮುಜುಗರ ಕಡಿಮೆಯಾಗುವುದಿಲ್ಲ. ಅವಳು ಕಷ್ಟಪಟ್ಟು ಉಚ್ಚರಿಸುವ ಆ ಪೋಲಿಷ್ ಪದಗಳ ಅರ್ಥ ಅವಳಿಗೆ ಎಷ್ಟು ಗೊತ್ತಿತ್ತೋ. ಸ್ವಲ್ಪ ಕಾಲದಲ್ಲೇ ಪ್ರೇಮ ಮುಗಿಯಿತು. ಅವಳು ಹೊರಟುಹೋದಳು.

ಬೋಡೋನ ನಿಜವಾದ ಜಾಗ ಹಾಸ್ಯ. 'ವಾರ್ಸಾದ ಹಾಡುಗಾರ', 'ಘನವೆತ್ತ ಸೇಲ್ಸ್‌ಮನ್', 'ಸಾಹೇಬ್ರೇ ಡ್ರೈವರ್ರು' ಅಂತೆಲ್ಲ ಹೆಸರಿನ ಸಿನಿಮಾಗಳು. ಹೆಸರುಗಳು ಪೋಲಿಷ್‌ನಲ್ಲೂ ಹೀಗೇ ತಮಾಷೆಯವೇ, ನಾನು ಕನ್ನಡಕ್ಕೆ ಎಳೆದು ತಂದಿದ್ದೇನೆ ಅಷ್ಟೆ. ಒಂದರಲ್ಲಿ ಅಂಗಡಿ ಕೆಲಸದವನು ದೊಡ್ಡ ಮನುಷ್ಯನಾಗಿ ನಟಿಸುತ್ತಾನೆ. ಇನ್ನೊಂದರಲ್ಲಿ ದೊಡ್ಡ ಮನುಷ್ಯ ಡ್ರೈವರ್ ಆಗಿ ನಟಿಸುತ್ತಾನೆ. ಎಲ್ಲದರಲ್ಲೂ ಗೋಜಲು, ಎಲ್ಲದರಲ್ಲೂ ಕೊನೆಗೆ ನಿಜ ಗೊತ್ತಾಗಿ ಮದುವೆ. ನೀನು ಯಾರು ಅನ್ನೋ ಪ್ರಶ್ನೆ ಬಂದಾಗೆಲ್ಲ ಒಂದು ಹಲ್ಲು ಕಿಸಿತ, ಒಂದು ಹಾಡು, ಅಲ್ಲಿಗೆ ಪ್ರಶ್ನೆ ಮುಗೀತು. ಹಾಡುಗಳೂ ಅಂಥವೇ. ಹೆಂಗಸರನ್ನು ಕಂಡರೆ ಕರಗೋ ಒಂದು ಹಾಡು, ನಾನೊಬ್ಬ ತಣ್ಣನೆ ಧೂರ್ತ ಅಂತ ತನ್ನನ್ನೇ ಬೈದುಕೊಂಡು ಮೀಸೆ ತಿರುವೋ ಇನ್ನೊಂದು ಹಾಡು. ಈ ಎರಡನೆಯದು 1934ರ 'ವಾರ್ಸಾದ ಹಾಡುಗಾರ'ದ್ದು.

ಆ 1934ರಲ್ಲೇ ನಮ್ಮ ಮೊದಲ ಟಾಕಿ 'ಸತಿ ಸುಲೋಚನ' ಬಂತು. ಅದು ತಯಾರಾದದ್ದೂ ಕೊಲ್ಲಾಪುರದಲ್ಲೇ, ಛತ್ರಪತಿ ಸ್ಟುಡಿಯೋದಲ್ಲಿ. ಬೋಡೋ ಹಾಡೋದನ್ನು ನಾನು ಇವತ್ತು ಫೋನಿನಲ್ಲಿ ಕೂತು ನೋಡಬಹುದು. ಸುಬ್ಬಯ್ಯ ನಾಯ್ಡು ಹೇಗೆ ನಟಿಸಿದ್ದರು ಅಂತ ನೋಡೋಣ ಅಂದರೆ ಅದರ ಒಂದು ಪ್ರಿಂಟೂ ಉಳಿದಿಲ್ಲ. ಬಾಂಬು ಬಿದ್ದ ಊರಿನವರು ಇಷ್ಟು ಉಳಿಸಿಕೊಂಡರು, ಬಾಂಬೇ ಬೀಳದ ನಾವು ಕಳಕೊಂಡೆವು. ಸಂಕಟ ಆಗುತ್ತದೆ. ಇರಲಿ, ದಾರಿ ತಪ್ಪಿದೆ.

'ಒಂದು ಮಹಡಿ ಮೇಲೆ' ಸಿನಿಮಾದ ಒಂದು ದೃಶ್ಯವನ್ನು ನಾನು ಹತ್ತು ಸಲವಾದರೂ ನೋಡಿದ್ದೇನೆ. ಬೋಡೋ ಹೆಣ್ಣಿನ ವೇಷದಲ್ಲಿ ಬರುತ್ತಾನೆ. ಅಮೆರಿಕದ ನಟಿ ಮೇ ವೆಸ್ಟ್‌ಳ ಅಣಕ. ಗುಂಗುರು ಗುಂಗುರು ಬಿಳಿ ಕೂದಲು, ಮೈಗಂಟಿದ ಮಿಂಚುವ ಉಡುಪು. ನಮ್ಮ ಸಿನಿಮಾಗಳಲ್ಲಿ ಹೀರೋ ಸೀರೆ ಉಟ್ಟರೆ ಎದೆಗೆ ಏನೇನೋ ತುಂಬಿಕೊಂಡು ಓಡಾಡಿ ನಗಿಸುತ್ತಾನೆ. ಇವನು ಅವಸರವೇ ಮಾಡುವುದಿಲ್ಲ. ಸೊಂಟ ಒಂಚೂರು, ಭುಜ ಒಂಚೂರು. ರೆಪ್ಪೆಯನ್ನು ನಿಧಾನಕ್ಕೆ ಎತ್ತುತ್ತಾನೆ. ಹಾಡಿನ ವಿಷಯವೇ ಸೆಕ್ಸ್ ಅಪೀಲ್. ಲೇವಡಿ ಮಾಡುತ್ತಿದ್ದಾನೆ ಅಂತ ಗೊತ್ತು, ಆದರೂ ನಡುನಡುವೆ ಲೇವಡಿ ಮರೆತುಹೋಗಿ ಎದುರಿಗೆ ಒಬ್ಬಳು ಹೆಂಗಸೇ ನಿಂತ ಹಾಗೆ ಕಾಣುತ್ತದೆ. ಆಗ ತಟ್ಟನೆ ಆ ದೊಡ್ಡ ಹಲ್ಲುಗಳ ನಗು. ಆ ಕಾಲದಲ್ಲಿ ತನ್ನ ಠೀವಿಗೆ ಹೆಸರಾದವನು, 1936ರಲ್ಲಿ ಪೋಲೆಂಡಿನ 'ಫ್ಯಾಷನ್ ರಾಜ' ಅನ್ನಿಸಿಕೊಂಡವನು, ಮರುವರ್ಷವೇ ಗೌನು ತೊಟ್ಟು ನಿಂತ. ತನ್ನ ಬಗ್ಗೆ ಅಷ್ಟು ಹಗುರಾಗಿರೋಕೆ ಧೈರ್ಯ ಬೇಕು.

ಸಂಗೀತ ಹೆನ್ರಿಕ್ ವಾರ್ಸ್ ಅವರದ್ದು. ಒಂಬತ್ತು ಗಂಟೆ ಹಾಡಿನ ಸಾಹಿತ್ಯ ಇಮಾನುಯೆಲ್ ಶ್ಲೆಖ್ಟರ್ ಅವರದ್ದು. ಇಬ್ಬರೂ ಯಹೂದಿಗಳು. ಆಗಿನ ಪೋಲೆಂಡ್ ಗುನುಗುತ್ತಿದ್ದ ಹಾಡುಗಳಲ್ಲಿ ಎಷ್ಟೊಂದು ಇಂಥವರ ಕೈಯಿಂದ ಬಂದವು.

1939ರ ಶುರುವಿನಲ್ಲಿ ಬೋಡೋ ವಾರ್ಸಾದಲ್ಲಿ ಕೆಫೆ ತೆರೆದ, ಇವತ್ತಿನ ಫೋಕ್ಸಾಲ್ ಬೀದಿಯಲ್ಲಿ. ಹೆಸರು 'ಕೆಫೆ ಬೋಡೋ'. ವಯಸ್ಸು ನಲವತ್ತರ ಹತ್ತಿರ. ನಾಯಕನಾಗಿ ಎಷ್ಟು ದಿನ ಓಡುತ್ತೆ ಅಂತ ಲೆಕ್ಕ ಹಾಕಿರಬೇಕು. ನಮ್ಮ ನಟರು ಹೋಟೆಲ್ಲೋ ಕಲ್ಯಾಣ ಮಂಟಪವೋ ಮಾಡಿಕೊಳ್ಳುವ ಹಾಗೆ. ಸೆಪ್ಟೆಂಬರ್ 1ಕ್ಕೆ ಜರ್ಮನಿ ದಾಳಿ ಮಾಡಿತು. 17ಕ್ಕೆ ಪೂರ್ವದಿಂದ ಸೋವಿಯತ್ ಸೇನೆ ಬಂತು. ಪೋಲೆಂಡ್ ಎರಡು ಹೋಳು.

ಬಹಳಷ್ಟು ಕಲಾವಿದರಂತೆ ಬೋಡೋ ಕೂಡ ಪೂರ್ವಕ್ಕೆ, ಲ್ವೂಫ್ ನಗರಕ್ಕೆ ಹೋದ. ಇವತ್ತು ಅದು ಉಕ್ರೇನಿನ ಲ್ವೀವ್. ಅಲ್ಲಿ ಆಗ ಸೋವಿಯತ್ ಆಡಳಿತ. ಹೆನ್ರಿಕ್ ವಾರ್ಸ್ ಅಲ್ಲಿ 'ಟೀ-ಜಾಝ್' ಅನ್ನೋ ವಾದ್ಯತಂಡ ಕಟ್ಟಿದರು. ಬೋಡೋ ಅದರಲ್ಲಿ ಹಾಡುಗಾರ, ನಿರೂಪಕ. ಸೋವಿಯತ್ ಊರೂರು ತಿರುಗಿ ಕಾರ್ಯಕ್ರಮ ಕೊಟ್ಟರು. ರಷ್ಯನ್ ಭಾಷೆಯಲ್ಲಿ ಗ್ರಾಮಫೋನ್ ತಟ್ಟೆಗಳೂ ಬಂದವು. ಲ್ವೂಫ್‌ನಂಥ ಊರು ಇನ್ನೆಲ್ಲೂ ಇಲ್ಲ ಅಂತ ಹೊಗಳುವ ಒಂದು ಪೋಲಿಷ್ ಹಾಡಿತ್ತು, ಯುದ್ಧಕ್ಕೆ ಸ್ವಲ್ಪ ಮೊದಲಿನ ಸಿನಿಮಾದ್ದು. ಅದೇ ಮಟ್ಟಿಗೆ ರಷ್ಯನ್ ಪದ ಹಾಕಿ ಬೋಡೋ ಹಾಡಿದ. ಈಗ ಅರ್ಥ ಬೇರೆ: ಲ್ವೂಫ್‌ಗೆ ಬನ್ನಿ, ನಿಮಗಾಗಿ ಕಾಯುತ್ತಿದ್ದೇವೆ. ಊರು ಹಿಡಿದುಕೊಂಡವರನ್ನೇ ಊರಿಗೆ ಕರೆಯೋ ಹಾಡು. ಕೇಳಿದ್ದೇನೆ. ದನಿಯಲ್ಲಿ ಒಂಚೂರೂ ಬೇಸರವಿಲ್ಲ. ನಗುನಗುತ್ತಲೇ ಹಾಡಿದ್ದಾನೆ. ಅವನನ್ನು ದೂರೋಕೆ ನನಗೆ ಮನಸ್ಸಿಲ್ಲ. ಹೊಟ್ಟೆಪಾಡು ಇತ್ತು, ತಂಡ ಇತ್ತು, ಎದುರಿಗೆ ಯಾರಿದ್ದರೂ ನಗಿಸೋದೊಂದೇ ಅವನಿಗೆ ಗೊತ್ತಿದ್ದದ್ದು.

ಆದರೆ ಅವನ ಕಣ್ಣು ಅಮೆರಿಕದ ಮೇಲಿತ್ತು. ಇಲ್ಲಿ ಬರುತ್ತದೆ ಅಪ್ಪನ ಪಾಸ್‌ಪೋರ್ಟ್. ಅಪ್ಪ ಸ್ವಿಸ್ ಆದ್ದರಿಂದ ಮಗನೂ ಕಾಗದದ ಮೇಲೆ ಸ್ವಿಸ್ ಪ್ರಜೆ. ಪೋಲೆಂಡ್ ಮುಳುಗಿದಾಗ ಜೇಬಿನಲ್ಲಿ ಇನ್ನೊಂದು ದೇಶ ಇದೆ ಅನ್ನೋದು ಎಂಥ ಧೈರ್ಯ! ಅದೂ ಯುದ್ಧಕ್ಕೆ ಸೇರದ ದೇಶ. ಆ ಪಾಸ್‌ಪೋರ್ಟ್ ತೋರಿಸಿ, ದೇಶ ಬಿಟ್ಟು ಹೋಗೋಕೆ ಅನುಮತಿ ಕೊಡಿ ಅಂತ ಸೋವಿಯತ್ ಅಧಿಕಾರಿಗಳಿಗೆ ಅರ್ಜಿ ಹಾಕಿದ. ಅಲ್ಲಿಯವರೆಗೆ ಹಾಡುಗಾರನಾಗಿದ್ದವನು ಆ ಅರ್ಜಿಯಿಂದ ವಿದೇಶಿಯಾದ.

1941ರ ಜೂನ್ 22ಕ್ಕೆ ಜರ್ಮನಿ ಸೋವಿಯತ್ ಮೇಲೆ ಬಿತ್ತು. 26ಕ್ಕೆ ರಹಸ್ಯ ಪೊಲೀಸರು ಬೋಡೋನನ್ನು ಹಿಡಿದರು. 30ಕ್ಕೆ ಜರ್ಮನ್ನರು ಲ್ವೂಫ್‌ಗೆ ನುಗ್ಗಿದರು. ನಡುವೆ ಇದ್ದದ್ದು ನಾಲ್ಕೇ ದಿನ. ಗೂಢಚಾರ ಇರಬಹುದು ಅನ್ನೋ ಅನುಮಾನ. ಅಷ್ಟೊಂದು ಊರು ತಿರುಗಿದವನು, ಅಷ್ಟೊಂದು ಭಾಷೆ ಬಲ್ಲವನು, ಕೈಯಲ್ಲಿ ಸ್ವಿಸ್ ಪಾಸ್‌ಪೋರ್ಟ್ ಬೇರೆ. ಮಾಸ್ಕೋದ ಬುತೀರ್ಕಾ ಜೈಲಿಗೆ ಕಳಿಸಿದರು. ಆಮೇಲೆ ಉಫಾ.

ಇಷ್ಟರಲ್ಲಿ ಗಾಳಿ ತಿರುಗಿತು. ಹಿಟ್ಲರ್ ಇಬ್ಬರಿಗೂ ಶತ್ರುವಾದ್ದರಿಂದ ಸೋವಿಯತ್ತೂ ಲಂಡನ್ನಿನಲ್ಲಿದ್ದ ಪೋಲಿಷ್ ಸರ್ಕಾರವೂ ಜುಲೈ 30ರಂದು ಒಪ್ಪಂದ ಮಾಡಿಕೊಂಡವು. ಆಗಸ್ಟ್‌ನಲ್ಲಿ ಕ್ಷಮಾದಾನದ ಆದೇಶ ಬಂತು: ಜೈಲು, ಕ್ಯಾಂಪುಗಳಲ್ಲಿರುವ ಪೋಲಿಷ್ ಪ್ರಜೆಗಳನ್ನು ಬಿಡಬೇಕು. ಬಾಗಿಲುಗಳು ತೆರೆದವು. ಜನರಲ್ ಆಂಡರ್ಸ್ ಆ ಜನರಿಂದಲೇ ಸೈನ್ಯ ಕಟ್ಟಿದ. ಸೈನಿಕರು, ಅವರ ಹಿಂದೆ ಹೆಂಗಸರು ಮಕ್ಕಳು, ಲಕ್ಷಕ್ಕೂ ಹೆಚ್ಚು ಮಂದಿ ಇರಾನಿಗೆ ದಾಟಿದರು. ವಳಿವಡೆಗೆ ಬಂದವರು ಈ ಬಾಗಿಲಿನಿಂದಲೇ ಆಚೆ ಬಂದವರು.

ಬೋಡೋ ಬರಲಿಲ್ಲ. ಪೋಲಿಷ್ ರಾಯಭಾರಿ ಕಚೇರಿ ಅವನಿಗಾಗಿ ಕೇಳಿತು. ಸೋವಿಯತ್ತಿನವರು ಕಡತ ನೋಡಿ ಹೇಳಿದರು: ಕ್ಷಮಾದಾನ ಪೋಲಿಷ್ ಪ್ರಜೆಗಳಿಗೆ, ಈತ ಸ್ವಿಸ್ ಪ್ರಜೆ. ಪೋಲಿಷ್ ಸಿನಿಮಾ ಅಂದರೆ ಯಾರ ಮುಖ ನೆನಪಾಗುತ್ತಿತ್ತೋ ಅವನೇ ಪೋಲೆಂಡಿನವನಲ್ಲ. ಹೋಗಲಿ, ಸ್ವಿಟ್ಜರ್ಲೆಂಡಿನವರಾದರೂ ಕೇಳಬಹುದಿತ್ತಲ್ಲ? ಆಗ ಸೋವಿಯತ್ತಿಗೂ ಸ್ವಿಟ್ಜರ್ಲೆಂಡಿಗೂ ರಾಜತಾಂತ್ರಿಕ ಸಂಬಂಧವೇ ಇರಲಿಲ್ಲ. ಅದು ಮತ್ತೆ ಶುರುವಾದದ್ದು 1946ರಲ್ಲಿ. ಮಾಸ್ಕೋದಲ್ಲಿ ಬಾಗಿಲು ತಟ್ಟೋಕೆ ಒಂದು ಸ್ವಿಸ್ ಕಚೇರಿಯೂ ಇರಲಿಲ್ಲ. ಒಂದು ಕಾಗದ ಅವನನ್ನು ಪೋಲೆಂಡಿನಿಂದ ಆಚೆ ಹಾಕಿತು, ಆ ಕಾಗದ ಕೊಟ್ಟ ದೇಶ ಅಲ್ಲಿರಲೇ ಇಲ್ಲ.

ನಮ್ಮಪ್ಪನ ಹೆಸರು ಹೊಲದ ಉತಾರದಲ್ಲಿ ಒಂದು ಥರ, ಆಧಾರ್‌ನಲ್ಲಿ ಒಂದು ಥರ. ಒಂದು 'ಗೌಡ' ಹೆಚ್ಚು ಕಡಿಮೆ. ಅದನ್ನು ಸರಿ ಮಾಡಿಸೋಕೆ ಎರಡು ವರ್ಷ ಅಲೆದಿದ್ದೇನೆ. ನೀವೇ ನಿಮ್ಮಪ್ಪನ ಮಗ ಅನ್ನೋದಕ್ಕೆ ಏನು ಪುರಾವೆ ಅಂತ ಕೌಂಟರಿನ ಆ ಕಡೆಯಿಂದ ಕೇಳಿದಾಗ ನಗು ಬಂದಿತ್ತು. ಬೋಡೋನ ಕಥೆ ಓದಿದ ಮೇಲೆ ಆ ಕೌಂಟರು ನೆನಪಾದರೆ ಮೊದಲಿನ ಹಾಗೆ ನಗು ಬರುವುದಿಲ್ಲ.

ಬುತೀರ್ಕಾದಲ್ಲಿ ಅವನ ಜೊತೆ ಒಂದೇ ಕೋಣೆಯಲ್ಲಿದ್ದ ಆಲ್ಫ್ರೆಡ್ ಮಿರೆಕ್ ಅನ್ನೋ ಯುವಕ ಬದುಕಿ ಉಳಿದ. ಮುಂದೆ ಸಂಗೀತ ವಿದ್ವಾಂಸನಾಗಿ ಆ ದಿನಗಳ ಬಗ್ಗೆ ಬರೆದ. ಪೊಲೀಸರು ತೆಗೆದ ಫೋಟೋ ಕೂಡ ಇದೆ. ಆ ಮುಖದಲ್ಲಿ ಮೇ ವೆಸ್ಟ್ ಆಗಿ ರೆಪ್ಪೆ ಎತ್ತಿದವನನ್ನು ಹುಡುಕಿದೆ. ಕಣ್ಣು ಮಾತ್ರ ಅದೇ. 'ಸಮಾಜಕ್ಕೆ ಅಪಾಯಕಾರಿ ವ್ಯಕ್ತಿ' ಅಂತ 5 ವರ್ಷದ ಕ್ಯಾಂಪ್ ಶಿಕ್ಷೆ ಹಾಕಿ ಉತ್ತರಕ್ಕೆ, ಅರ್ಖಾಂಗೆಲ್ಸ್ಕ್ ಪ್ರಾಂತದ ಕೋಟ್ಲಾಸ್‌ಗೆ ಕಳಿಸಿದರು. 1943ರ ಅಕ್ಟೋಬರ್ 7ರಂದು ಹಸಿವಿನಿಂದ ಸೊರಗಿ ಅಲ್ಲೇ ಸತ್ತ. 43 ವರ್ಷ. ಅದೇ 1943ರಲ್ಲಿ ವಳಿವಡೆಯ ಕ್ಯಾಂಪ್ ಶುರುವಾಯಿತು.

ಉಳಿದವರು ಏನಾದರು? ಹೆನ್ರಿಕ್ ವಾರ್ಸ್ ಆಂಡರ್ಸ್ ಸೈನ್ಯದ ಜೊತೆ ಹೊರಬಿದ್ದು, ಯುದ್ಧ ಮುಗಿದ ಮೇಲೆ ಹಾಲಿವುಡ್ ಸೇರಿದರು. ಡಾಲ್ಫಿನ್ ಮೀನಿನ ಕಥೆಯ 'ಫ್ಲಿಪ್ಪರ್' ಸಿನಿಮಾದ ಸಂಗೀತ ಅವರದೇ. ವಾಶಿನ್ಸ್ಕಿ ಕೂಡ ಅದೇ ಸೈನ್ಯದ ಜೊತೆ ಇಟಲಿ ಮುಟ್ಟಿ, ಅಲ್ಲಿ 'ರಾಜಕುಮಾರ' ಅಂತ ಹೇಳಿಕೊಂಡು ಠೀವಿಯಿಂದ ಬಾಳಿದ. ಅವನ ಸುಳ್ಳು ಗುರುತು ಚೆನ್ನಾಗಿಯೇ ನಡೆಯಿತು ನೋಡಿ. ತಪ್ಪು ಬಾಗಿಲಿಗೆ ಬಂದ ಲೋಜ್ಯಾ, ಅಂದರೆ ಹೆಲೇನಾ ಗ್ರೊಸ್ಸೂವ್ನಾ, 1944ರ ವಾರ್ಸಾ ದಂಗೆಯಲ್ಲಿ ಜರ್ಮನ್ನರ ವಿರುದ್ಧ ನಿಂತು ಸೆರೆಯಾಗಿ, ಬದುಕಿ ಬಂದಳು. ಶ್ಲೆಖ್ಟರ್ ಲ್ವೂಫ್‌ನಲ್ಲೇ ಸಿಕ್ಕಿಬಿದ್ದರು. ಜರ್ಮನ್ನರ ಯಾನೋವ್ಸ್ಕಾ ಕ್ಯಾಂಪ್ ಅವರನ್ನು ಕೊಂದಿತು. ಮುಂಗಡ ಇಸ್ಕೊಂಡು ಗುಲಾಬಿ ತರೋ ಹಾಡು ಬರೆದವರು ಅವರು.

ಯುದ್ಧ ಮುಗಿದ ಮೇಲೆ ಪೋಲೆಂಡಿನಲ್ಲಿ ಕಮ್ಯುನಿಸ್ಟ್ ಸರ್ಕಾರ. ಬೋಡೋ ಎಲ್ಲಿ ಅಂದರೆ ಒಂದೇ ಉತ್ತರ: 1941ರಲ್ಲಿ ಲ್ವೂಫ್‌ನಲ್ಲಿ ಜರ್ಮನ್ನರು ಕೊಂದರು. ನಂಬೋಕೆ ಕಷ್ಟವಿರಲಿಲ್ಲ. ಜರ್ಮನ್ನರು ಅಲ್ಲಿ ಎಷ್ಟೊಂದು ಜನರನ್ನು ಕೊಂದಿದ್ದರು, ಇನ್ನೊಂದು ಹೆಸರು ಸೇರಿಸಿದರೆ ಯಾರು ಕೇಳುತ್ತಾರೆ? ಐವತ್ತು ವರ್ಷ ಹಾಗೇ ನಡೆಯಿತು. ವಿಚಿತ್ರ ಅಂದರೆ ಅವನ ಸಿನಿಮಾಗಳಿಗೆ ನಿಷೇಧ ಇರಲಿಲ್ಲ. 1967ರಿಂದ ಪೋಲಿಷ್ ಟೀವಿಯಲ್ಲಿ 'ಹಳೆ ಸಿನಿಮಾದಲ್ಲಿ' ಅನ್ನೋ ಕಾರ್ಯಕ್ರಮ ಬರುತ್ತಿತ್ತು. ನಡೆಸಿಕೊಡುತ್ತಿದ್ದವರು ಸ್ತನಿಸ್ಲಾವ್ ಯಾನಿತ್ಸ್ಕಿ. ಸಿನಿಮಾಗೆ ಮುಂಚೆ ಕೂತು ನಟರ ಕಥೆ ಹೇಳೋರು. ಆಮೇಲೆ ಪರದೆ ಮೇಲೆ ಬೋಡೋ ಬಂದು ಹಾಡಿ ಕುಣಿದು ಹೋಗುತ್ತಿದ್ದ. ಹೇಗೆ ಸತ್ತ ಅನ್ನೋದೊಂದು ಮಾತ್ರ ಸುಳ್ಳು.

ಸೋವಿಯತ್ ಕುಸಿದ ಮೇಲೆ ಕಡತಗಳು ಹೊರಗೆ ಬಂದವು. ಅದೇ ಯಾನಿತ್ಸ್ಕಿ 1997ರಲ್ಲಿ ಬೋಡೋನ ಕೊನೆಯ ದಿನಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡಿದರು. ಅದಕ್ಕೆ ಹೊಸ ಹೆಸರು ಹುಡುಕಲಿಲ್ಲ. 1938ರ ಬೋಡೋನದೇ ಒಂದು ಸಿನಿಮಾದ ಹೆಸರು ಎತ್ತಿಕೊಂಡರು: 'ಮಾಡದ ತಪ್ಪಿಗೆ'. 2011ರಲ್ಲಿ ಕೋಟ್ಲಾಸ್‌ನಲ್ಲಿ ಅವನ ನೆನಪಿನ ಕಲ್ಲು ನಿಂತಿತು.

ಹೋದ ತಿಂಗಳು ಚಿಕ್ಕಪ್ಪನ ಮಗಳ ಮದುವೆಗೆ ಬಟ್ಟೆ ತರಲು ಗಾಂಧಿನಗರಕ್ಕೆ ಹೋಗಿದ್ದೆವು. ನಮ್ಮ ಕಡೆಯವರಿಗೆ ಹೇಳಬೇಕಿಲ್ಲ. ಕೊಲ್ಲಾಪುರದ ಗಾಂಧಿನಗರ ಅಂದರೆ ಹೋಲ್‌ಸೇಲ್ ಬಟ್ಟೆ. ಪೋಲೆಂಡಿನವರು ಖಾಲಿ ಮಾಡಿದ ವಳಿವಡೆಯ ಜಾಗಕ್ಕೆ, ದೇಶ ಹೋಳಾದ ಮೇಲೆ, ಸಿಂಧಿ ನಿರಾಶ್ರಿತರು ಬಂದು ನೆಲೆಸಿದರು. ಅವರು ಕಟ್ಟಿದ ಪೇಟೆ ಅದು. ಚಿಕ್ಕಂದಿನಿಂದ ಹೋಗುತ್ತಿದ್ದ ಊರು. ಒಂದೇ ಒಂದು ಸಲ ಇಲ್ಲಿ ಮೊದಲು ಯಾರಿದ್ದರು ಅಂತ ಕೇಳಿರಲಿಲ್ಲ.

ಚಿಕ್ಕಮ್ಮ ಸೀರೆ ಆರಿಸೋ ಹೊತ್ತಿಗೆ ನಾನು ಹೊರಗೆ ಬಂದು ನಿಂತೆ. ಮಿರಜ್ ಕಡೆಯ ರೈಲು ಹೋಯಿತು. ಕಿವಿಗೆ ಹಾಕಿಕೊಂಡು ಒಂಬತ್ತು ಗಂಟೆಯ ಹಾಡು ಕೇಳಿದೆ. ಈ ಜಾಗದ ಬ್ಯಾರಕ್ಕುಗಳಲ್ಲಿ ಯಾವಳೋ ಒಬ್ಬಳು ಬಟ್ಟೆ ಒಗೆಯುತ್ತಾ ಇದನ್ನು ಗುನುಗಿರಬಹುದು. ಹಾಡಿದವನು ಕೋಟ್ಲಾಸ್‌ನಲ್ಲಿ ಸತ್ತ ಅಂತ ಅವಳಿಗೆ ಗೊತ್ತಿರೋಕೆ ಸಾಧ್ಯವಿರಲಿಲ್ಲ.

ಒಳಗಿಂದ ಕರೆದರು. ಅಂಗಡಿಯವನು ಬಿಲ್ಲು ಬರೆಯುತ್ತಿದ್ದ. ವಯಸ್ಸಾದ ಸಿಂಧಿ, ಮರಾಠಿ ಹಿಂದಿ ಎರಡನ್ನೂ ಕಲಸಿ ಮಾತಾಡುತ್ತಿದ್ದ. ನಮ್ಮನ್ನು ನೋಡಿ ನಾಲ್ಕು ಮಾತು ಕನ್ನಡವನ್ನೂ ಆಡಿದ. ಹೆಸರು ಏನು ಬರೀಲಿ ಅಂದ. ಹೇಳಿದೆ. ಬರೆದು, ಹರಿದು, ಕೈಗಿಟ್ಟ. ಬಸ್ಸಿನಲ್ಲಿ ಕೂತ ಮೇಲೆ ನೋಡಿದೆ. ಅಡ್ಡಹೆಸರು ಬೇರೆ ಯಾರದ್ದೋ. ಮಡಚಿ ಜೇಬಿಗೆ ಹಾಕಿಕೊಂಡೆ.